ಸರೀನಾ ವೀಗ್ಮನ್ನರೂ ಹೆಣ್ಣುಮಕ್ಕಳ ಬಯಲೂ

2025ನೆಯ ಇಸವಿ ಜುಲೈ 27ನೆಯ ತಾರೀಖು ಭಾನುವಾರ ಸ್ವಿಟ್ಜರ್ಲೆಂಡಿನ ಬಾಸೆಲ್ ಪಟ್ಟಣದಲ್ಲಿ ಯೂರೋಪಿನ ಸ್ತ್ರೀಯರ ಫುಟ್ಬಾಲ್ ಪಂದ್ಯಾವಳಿಯ ಕಡೆಯ ಆಟವು ನಡೆದು, ಇಂಗ್ಲೆಂಡಿನ ತಂಡವು ಸ್ಪೇನಿನ ತಂಡವನ್ನು ಸೋಲಿಸಿತು. ನಿಗದಿಯಾದ ವೇಳೆಯಲ್ಲಿಯೂ ಹೆಚ್ಚುವರಿ ವೇಳೆಯಲ್ಲಿಯೂ ಉಭಯ ಪಕ್ಷಗಳು ಒಂದೊಂದು ಗೋಲಿನಿಂದ ಸಮವಾಗಿದ್ದುದರಿಂದ ಪೆನಾಲ್ಟಿ ಒದೆತಗಳ ಮೂಲಕ ಜಯಾಪಜಯವು ತೀರ್ಮಾನವಾಗಬೇಕಾಯಿತು. ಅದರಲ್ಲಿ ಇಂಗ್ಲೆಂಡಿಗೆ ಮೂರು, ಸ್ಪೇನಿಗೆ ಒಂದು. ಗೆದ್ದ ತಂಡದ ತರಬೇತುದಾರರು ಸರೀನಾ ವೀಗ್ಮನ್ ಎಂಬ ಡಚ್ ಮಹಿಳೆ. 2017ರಲ್ಲಿ ತಮ್ಮ ಸ್ವದೇಶವಾದ ಹಾಲೆಂಡಿಗೆ, 2022ರಲ್ಲಿಯೂ 2025ರಲ್ಲಿಯೂ ಇಂಗ್ಲೆಂಡಿಗೆ, ಹೀಗೆ ಮೂರು ಸಲ ಎಡೆಬಿಡದೆ ಈ ಪಾರಿತೋಷಕವನ್ನು ಅವರು ದೊರಕಿಸಿಕೊಟ್ಟಂತಾಯಿತು. ನಡುವೆ 2019ರಲ್ಲಿ ಹಾಲೆಂಡನ್ನೂ 2023ರಲ್ಲಿ ಇಂಗ್ಲೆಂಡನ್ನೂ ವಿಶ್ವಪಂದ್ಯಾವಳಿಯ ಕಡೆಯ ಆಟದವರೆಗೆ ಕರೆದುಕೊಂಡು ಹೋಗಿ ಎರಡು ಸಲವೂ ಸೋತರು. ಯೂರೋಪಿನವು ಮೂರು, ಜಗತ್ತಿನವು ಎರಡು. ಈ ಐದು ಪಂದ್ಯಾವಳಿಗಳಲ್ಲಿ ಐದರ ಕಡೆಯ ದಿನವೂ ಬಯಲಂಚಿನಲ್ಲಿ ನಿಂತಿದ್ದವರು ಇವರೇ. ಅಂತರರಾಷ್ಟ್ರೀಯ ಸಂಘವು ಸ್ತ್ರೀಯರ ತಂಡಗಳ ಶ್ರೇಷ್ಠ ತರಬೇತುದಾರರಿಗೆ ಕೊಡುವ ಬಹುಮಾನವು 2017ರಿಂದ 2025ರೊಳಗೆ ಐದು ಸಲ ಇವರಿಗೇ ಸಂದಿರುತ್ತದೆ.

ದವಸಧಾನ್ಯದ ಬೆಲೆ, ಕಂದಾಯದ ಹೊರೆ, ಊರಿನ ನೀರು ಮುಂತಾದ ವಿಷಯಗಳನ್ನು ಬಿಟ್ಟು, ಎಲ್ಲಿಯೋ ಹೆಂಗಸರು ಚೆಂಡನ್ನು ಒದ್ದ ಸಮಾಚಾರಕ್ಕೆ ಸಂಪಾದಕೀಯದ ಅಂಕಣವನ್ನು ಮೀಸಲಿಡುವುದು ಉಚಿತವೇ ಎಂದು ನಮ್ಮ ವಾಚಕರಲ್ಲಿ ಕೆಲವರು ಕೇಳಬಹುದು. ಆಟದ ಸುದ್ದಿಗೆ ಬೇರೆ ಪುಟವಿದೆಯೆಂಬುದನ್ನು ನಾವೂ ಬಲ್ಲೆವು. ಆದರೆ ಈ ಮಹಿಳೆಯ ಚರಿತ್ರೆಯನ್ನು ಮೊದಲಿನಿಂದ ಓದಿದವರಿಗೆ ಅದು ಆಟದ ವಿಷಯವಾಗಿ ಮಾತ್ರ ಉಳಿಯುವುದಿಲ್ಲ. ಸಾರ್ವಜನಿಕ ಸಂಸ್ಥೆಗಳ ವಶದಲ್ಲಿರುವ ಬಯಲನ್ನು ಯಾರಿಗೆ ತೆರೆಯಬೇಕು, ಯಾರಿಗೆ ಮುಚ್ಚಬೇಕು, ಹಾಗೆ ಮುಚ್ಚುವ ಅಧಿಕಾರವನ್ನು ಆ ಸಂಸ್ಥೆಗಳಿಗೆ ಕೊಟ್ಟವರು ಯಾರು ಎಂಬ ಪ್ರಶ್ನೆಯು ಅದರಲ್ಲಿ ಅಡಗಿದೆ. ಇದು ಅಧಿಕಾರಿಗಳೂ ಪುರಸಭೆಯ ಸದಸ್ಯರೂ ಓದಬೇಕಾದ ಪ್ರಶ್ನೆಯಾದುದರಿಂದ ಇಲ್ಲಿಯೇ ಬರೆಯುತ್ತಿದ್ದೇವೆ.

ಶ್ರೀಮತಿ ವೀಗ್ಮನ್ನರು ಹುಟ್ಟಿದುದು 1969ನೆಯ ಇಸವಿ ಅಕ್ಟೋಬರ್ 26ರಂದು, ಹಾಲೆಂಡಿನ ಹೇಗ್ ನಗರದಲ್ಲಿ. ಅವಳಿ ಸೋದರನೊಬ್ಬನಿದ್ದನು. ಅವನು ಬೀದಿಯಲ್ಲಿ ಆಡಿದ ಆಟವನ್ನು ಇವಳೂ ಆಡಿದಳು. ಆರು ವರ್ಷದವಳಾದಾಗ ಸಮೀಪದ ವಾಸೆನಾರ್ ಎಂಬ ಊರಿನ ಕ್ಲಬ್ಬಿನಲ್ಲಿ ಹುಡುಗರೊಡನೆ ಸೇರಿ ಆಡತೊಡಗಿದಳು. ಹುಡುಗಿಯರು ಹುಡುಗರ ತಂಡದಲ್ಲಿ ಆಡುವುದಕ್ಕೆ ಆ ದಿನಗಳಲ್ಲಿ ಅಲ್ಲಿ ಅನುಮತಿಯಿರಲಿಲ್ಲ; ಹುಡುಗಿಯರದೇ ತಂಡವೂ ಇರಲಿಲ್ಲ. ಆದುದರಿಂದ ಕೂದಲನ್ನು ಗಿಡ್ಡಗೆ ಕತ್ತರಿಸಿಕೊಂಡು, ಹುಡುಗನಂತೆ ತೋರುತ್ತ, ಬಯಲಿಗಿಳಿಯುತ್ತಿದ್ದಳು. ತಂದೆತಾಯಿಗಳು ತಡೆಯಲಿಲ್ಲವೆಂಬುದು ಅವಳ ಪುಣ್ಯ. ದ್ರೋಣನ ಮಂಟಪದ ಹೊರಗೆ ನಿಂತ ಏಕಲವ್ಯನ ಕಥೆಯನ್ನು ಪಾಠಶಾಲೆಯಲ್ಲಿ ನಾವೆಲ್ಲರೂ ಗುರುಭಕ್ತಿಯ ನಿದರ್ಶನವೆಂದೇ ಕಲಿತೆವು. ಬಾಗಿಲಲ್ಲಿ ತಡೆದವರ ವಿಷಯದಲ್ಲಿ ಆ ಕಥೆಯು ಏನು ಹೇಳುತ್ತದೆಂಬುದನ್ನು ನಮ್ಮ ಗುರುಗಳು ಕೇಳಲಿಲ್ಲ, ನಾವೂ ಕೇಳಲಿಲ್ಲ. ಆರು ವರ್ಷದ ಮಗುವೊಂದು ಚೆಂಡಿಗಾಗಿ ತನ್ನ ಗುರುತನ್ನೇ ಮರೆಸಿಕೊಳ್ಳಬೇಕಾದ ನಿಯಮವನ್ನು ಮಾಡಿದವರು ದುಷ್ಟರೇನೂ ಆಗಿರಲಾರರು. ಮರ್ಯಾದಸ್ಥರು, ಸಭೆಗಳಲ್ಲಿ ಕುಳಿತು ಠರಾವುಗಳನ್ನು ಮಾಡುವವರು, ನಮ್ಮಂಥವರೇ ಆಗಿದ್ದಿರಬೇಕು.

ಹದಿನೆಂಟು ವರ್ಷ ತುಂಬುವುದರೊಳಗಾಗಿ ಆಕೆ ದೇಶದ ತಂಡಕ್ಕೆ ಸೇರಿದರು. 1988ರಲ್ಲಿ ಚೀನಾ ದೇಶದಲ್ಲಿ ಅಂತರರಾಷ್ಟ್ರೀಯ ಸಂಘದವರು ಪರೀಕ್ಷಾರ್ಥವಾಗಿ ಸ್ತ್ರೀಯರ ಪಂದ್ಯಾವಳಿಯೊಂದನ್ನು ನಡೆಸಿದಾಗ, ಅಮೆರಿಕದ ತಂಡದ ಗುರುಗಳಾಗಿದ್ದ ಆನ್ಸನ್ ಡೊರೆನ್ಸ್ ಎಂಬವರ ಪರಿಚಯವಾಗಿ, ಅವರ ಆಹ್ವಾನದ ಮೇರೆಗೆ ಮರುವರ್ಷ ಅಮೆರಿಕದ ಉತ್ತರ ಕೆರೊಲಿನಾ ವಿಶ್ವವಿದ್ಯಾನಿಲಯಕ್ಕೆ ಹೋದರು. ಅಲ್ಲಿ ಕಂಡುದು ಬೇರೊಂದು ಲೋಕ. ಹುಡುಗಿಯರಿಗೆಂದೇ ಹಸನಾದ ಬಯಲು, ನಿತ್ಯದ ಅಭ್ಯಾಸ, ಪೂರ್ಣ ವೇಳೆಯ ಗುರು. ಇವೆಲ್ಲವೂ ಒಂದು ವಿದ್ಯಾಸಂಸ್ಥೆಯ ದೈನಂದಿನ ವ್ಯವಸ್ಥೆಯಾಗಿದ್ದುವೇ ಹೊರತು ಯಾರ ದಯೆಯೂ ಆಗಿರಲಿಲ್ಲ. ಅಮೆರಿಕದಲ್ಲಿ 1972ನೆಯ ಇಸವಿಯಲ್ಲಿ, ಸರ್ಕಾರದ ಹಣವನ್ನು ಪಡೆಯುವ ವಿದ್ಯಾಸಂಸ್ಥೆಗಳು ಸ್ತ್ರೀಪುರುಷ ಭೇದವನ್ನು ಮಾಡಕೂಡದೆಂದು ಕಾನೂನಾಗಿತ್ತು. ಕಾಲೇಜಿನ ಹುಡುಗಿಯರಿಗೆ ಬಯಲು ದೊರೆತುದಕ್ಕೆ ಆ ಕಾನೂನೇ ಮುಖ್ಯ ಕಾರಣ. 1989ರಲ್ಲಿ ಆ ವಿಶ್ವವಿದ್ಯಾನಿಲಯದ ತಂಡವು ದೇಶದ ಕಾಲೇಜುಗಳ ಪಂದ್ಯಾವಳಿಯನ್ನು ಗೆದ್ದಿತು. ಮುಂದೆ ಜಗತ್ಪ್ರಸಿದ್ಧರಾದ ಮಿಯಾ ಹ್ಯಾಮ್, ಕ್ರಿಸ್ಟೀನ್ ಲಿಲಿ ಎಂಬವರು ಅದೇ ತಂಡದ ಸಹಪಾಠಿಗಳು.

ಅಲ್ಲಿಂದ ಸ್ವದೇಶಕ್ಕೆ ಹಿಂದಿರುಗಿದಾಗ ಅಂಥದೇನೂ ಇರಲಿಲ್ಲ. ಆಟವಾಡಿ ಜೀವಿಸುವುದು ಸ್ತ್ರೀಯರಿಗೆ ಸಾಧ್ಯವಿರಲಿಲ್ಲವಾದುದರಿಂದ ಹೇಗ್ ನಗರದ ಪ್ರೌಢಶಾಲೆಯೊಂದರಲ್ಲಿ ವ್ಯಾಯಾಮದ ಉಪಾಧ್ಯಾಯಿನಿಯಾದರು. ಹಗಲು ಪಾಠ, ಸಂಜೆ ಆಟ. ಹೀಗೆ ದುಡಿದುಕೊಂಡೇ 2001ರವರೆಗೆ ದೇಶದ ತಂಡದಲ್ಲಿ ಆಡಿ, ಬಹುಕಾಲ ಅದರ ನಾಯಕಿಯೂ ಆಗಿದ್ದು, ನೂರರ ಸಮೀಪದಷ್ಟು ಪಂದ್ಯಗಳನ್ನು ಮುಗಿಸಿದರು. ಅಷ್ಟು ವರ್ಷಗಳಲ್ಲಿ ಹಾಲೆಂಡಿನ ಸ್ತ್ರೀಯರ ತಂಡವು ಒಂದೇ ಒಂದು ದೊಡ್ಡ ಪಂದ್ಯಾವಳಿಗೂ ಅರ್ಹತೆ ಪಡೆಯಲಿಲ್ಲವೆಂಬುದು ಗಮನಾರ್ಹ. ಆಟಗಾರ್ತಿಯಾಗಿ ಆಕೆಗೆ ದೊರೆತುದು ಗೌರವ, ಪಾರಿತೋಷಕವಲ್ಲ.

ಈ ಉಪಾಧ್ಯಾಯ ವೃತ್ತಿಯನ್ನು ಚರಿತ್ರಕಾರರು ಎರಡು ಸಾಲಿನಲ್ಲಿ ಮುಗಿಸಿಬಿಡುವುದುಂಟು. ನಮಗೆ ಅದೇ ಮುಖ್ಯವೆಂದು ತೋರುತ್ತದೆ. ದೊಡ್ಡ ಆಟಗಾರರಾಗಿದ್ದವರು ನೇರವಾಗಿ ದೊಡ್ಡ ತಂಡದ ಗುರುಗಳಾಗಿ ನೇಮಕವಾಗುವುದನ್ನು ಎಲ್ಲೆಲ್ಲಿಯೂ ಕಾಣುತ್ತೇವೆ. ತಮಗೆ ಸಹಜವಾಗಿ ಬಂದ ವಿದ್ಯೆಯನ್ನು ಬಾರದವರಿಗೆ ಬರುವಂತೆ ಹೇಳಿಕೊಡುವುದು ಅವರಲ್ಲಿ ಅನೇಕರಿಗೆ ತಿಳಿಯದು. ಆಟದಲ್ಲಿ ಆಸೆಯಿಲ್ಲದ ಮಗು, ಕೈಕಾಲು ಕೂಡಿಬಾರದ ಮಗು, ಗದ್ದಲದ ಮಗು, ಹಿಂದಿನ ಸಾಲಿನಲ್ಲಿ ನಿಂತು ಅಳುವ ಮಗು, ಇಷ್ಟು ಬಗೆಯವರನ್ನೂ ಒಂದೇ ಗಂಟೆಯಲ್ಲಿ ಸಂಭಾಳಿಸಿದ ಶಾಲೆಯ ಮಾಸ್ತರಿಗೆ ಆ ವಿದ್ಯೆಯು ತಾನಾಗಿಯೇ ಬಂದಿರುತ್ತದೆ. ಶ್ರೀಮತಿ ವೀಗ್ಮನ್ನರು ಆಟಗಾರ್ತಿಯರಿಗೆ ವಿಷಯವನ್ನು ಸ್ಪಷ್ಟವಾಗಿ, ಮುಖದಾಕ್ಷಿಣ್ಯವಿಲ್ಲದೆ, ಆದರೆ ನೋಯಿಸದೆ ಹೇಳುವರೆಂದು ಅವರ ಕೈಕೆಳಗೆ ಆಡಿದವರು ಪದೇಪದೇ ಹೇಳಿರುವುದನ್ನು ಕೇಳಿದಾಗ, ಅದು ಹೇಗ್ ನಗರದ ಆ ಶಾಲೆಯ ಅಂಗಳದಲ್ಲಿ ಕಲಿತುದೆಂದು ನಾವು ಊಹಿಸಿದರೆ ತಪ್ಪಾಗಲಾರದು.

ಅಲ್ಲಿಂದ ಮುಂದಕ್ಕೆ ಆಕೆ ಏರಿದ ಮೆಟ್ಟಿಲುಗಳಲ್ಲಿ ಒಂದೂ ಬಿಟ್ಟುಹೋಗಿಲ್ಲ. 2006ರಲ್ಲಿ ತಾವು ಆಡಿದ್ದ ಟೆರ್ ಲೀಡೆ ಕ್ಲಬ್ಬಿನ ತರಬೇತುದಾರರಾಗಿ, ಮರುವರ್ಷವೇ ಅದಕ್ಕೆ ದೇಶದ ಪ್ರಥಮ ಸ್ಥಾನವನ್ನು ತಂದುಕೊಟ್ಟರು. 2007ರಲ್ಲಿ ಸ್ತ್ರೀಯರಿಗಾಗಿ ಹೊಸದಾಗಿ ಉನ್ನತ ಶ್ರೇಣಿಯ ಪಂದ್ಯಾವಳಿಯು ಪ್ರಾರಂಭವಾದಾಗ ತಮ್ಮ ಹುಟ್ಟೂರಿನ ಎ.ಡಿ.ಓ. ಕ್ಲಬ್ಬಿಗೆ ಹೋಗಿ ಏಳು ವರ್ಷ ಅಲ್ಲಿಯೇ ನಿಂತರು, 2012ರಲ್ಲಿ ಗೆದ್ದರು. 2014ರಲ್ಲಿ ದೇಶದ ತಂಡದ ಸಹಾಯಕರಾದರು. ಮುಖ್ಯ ಗುರುಗಳು 2015ರಲ್ಲಿ ನಿರ್ಗಮಿಸಿದಾಗ ಕೆಲಕಾಲ ಹಂಗಾಮಿಯಾಗಿ ಆ ಕೆಲಸವನ್ನು ನೋಡಿಕೊಂಡು, ಹೊಸಬರೊಬ್ಬರು ನೇಮಕವಾಗಿ ಬಂದೊಡನೆ ಮತ್ತೆ ಸಹಾಯಕರ ಜಾಗಕ್ಕೆ ಸರಿದು ಕುಳಿತರು. ಹಂಗಾಮಿ ನೇಮಕದ ರುಚಿಯನ್ನು ಬಲ್ಲ ನಮ್ಮ ಕಚೇರಿಗಳ ಮಿತ್ರರಿಗೆ ಇದರ ಕಹಿಯನ್ನು ವಿವರಿಸಬೇಕಾಗಿಲ್ಲ. ಆಕೆ ಆ ಕಾಲವನ್ನು ಗೊಣಗುತ್ತ ಕಳೆಯದೆ, ಯೂರೋಪಿನ ಅತ್ಯುನ್ನತ ದರ್ಜೆಯ ತರಬೇತಿಯ ಸನದಿಗಾಗಿ ವ್ಯಾಸಂಗ ಮಾಡಿ, ಅದನ್ನು ಪಡೆದ ಮೂರನೆಯ ಡಚ್ ಮಹಿಳೆಯಾದರು. ಅದರ ಅಂಗವಾಗಿ 2016ರಲ್ಲಿ ರಾಟರ್ಡಾಮಿನ ಸ್ಪಾರ್ಟಾ ಕ್ಲಬ್ಬಿನ ತರುಣರ ತಂಡದಲ್ಲಿ ಸಹಾಯಕರಾಗಿ ದುಡಿದರು. ಡಚ್ ದೇಶದ ವೃತ್ತಿಪರ ಗಂಡಸರ ಕ್ಲಬ್ಬೊಂದರಲ್ಲಿ ಹೆಂಗಸೊಬ್ಬಳು ಶಿಕ್ಷಕಿಯಾಗಿ ನಿಂತುದು ಅದೇ ಮೊದಲು.

2016ರ ಡಿಸೆಂಬರಿನಲ್ಲಿ ದೇಶದ ತಂಡದ ಮುಖ್ಯ ಗುರುಗಳನ್ನು ಬಿಡುಗಡೆ ಮಾಡಲಾಯಿತು. ಯೂರೋಪಿನ ಪಂದ್ಯಾವಳಿಯು ತಮ್ಮ ದೇಶದಲ್ಲಿಯೇ ನಡೆಯುವುದಕ್ಕೆ ಉಳಿದಿದ್ದುದು ಏಳು ತಿಂಗಳು ಮಾತ್ರ. ಎರಡನೆಯ ಸಲ ಹಂಗಾಮಿಯಾಗಿ ಕರೆಬಂದು, 2017ರ ಜನವರಿಯಲ್ಲಿ ಖಾಯಮ್ಮಾಯಿತು. ಆ ಬೇಸಗೆಯಲ್ಲಿ ಹಾಲೆಂಡಿನ ಹೆಂಗಸರು ಆಡಿದ ಆರು ಪಂದ್ಯಗಳಲ್ಲಿ ಆರನ್ನೂ ಗೆದ್ದರು. ಕಡೆಗೆ ಆಗಸ್ಟ್ 6ರಂದು ಎನ್ಸ್ಕೆಡೆ ಪಟ್ಟಣದಲ್ಲಿ ಡೆನ್ಮಾರ್ಕನ್ನು ಎರಡರ ವಿರುದ್ಧ ನಾಲ್ಕು ಗೋಲುಗಳಿಂದ ಸೋಲಿಸಿದರು. ಅದರ ಹಿಂದಿನ ಪಂದ್ಯದಲ್ಲಿ ಮೂರು ಗೋಲುಗಳಿಂದ ಪರಾಜಿತವಾಗಿ ಮನೆಗೆ ಹೋದ ತಂಡವು ಇಂಗ್ಲೆಂಡಿನದು. ಹಾಲೆಂಡಿನ ಫುಟ್ಬಾಲಿಗೆ ಅದಕ್ಕೆ ಮೊದಲು ಇಂಥ ಪಾರಿತೋಷಕವು ದೊರೆತಿದ್ದುದು ಒಂದೇ ಸಲ. 1988ರಲ್ಲಿ ಗಂಡಸರ ತಂಡಕ್ಕೆ.

ಇಂಗ್ಲೆಂಡಿನವರು ಆ ಮೂರು ಗೋಲುಗಳನ್ನು ಮರೆಯಲಿಲ್ಲ. 2020ನೆಯ ಇಸವಿ ಆಗಸ್ಟ್ ತಿಂಗಳಲ್ಲಿ ತಮ್ಮ ತಂಡಕ್ಕೆ ಶ್ರೀಮತಿ ವೀಗ್ಮನ್ನರೇ ಗುರುಗಳಾಗತಕ್ಕದ್ದೆಂದು ಪ್ರಕಟಿಸಿ, ಹಾಲೆಂಡಿನ ಕೆಲಸವು ಮುಗಿದು ಆಕೆ ಬರುವವರೆಗೆ ಒಂದು ವರ್ಷ ಕಾದರು. ಬ್ರಿಟಿಷರಲ್ಲದವರು ಆ ಜಾಗಕ್ಕೆ ಖಾಯಮ್ಮಾಗಿ ಬಂದುದು ಅದೇ ಮೊದಲು. ಸಮುದ್ರದಾಚೆಯಿಂದ ಬಂದು ನಮಗೆ ನಾಗರಿಕತೆಯಿಂದ ಹಿಡಿದು ಫುಟ್ಬಾಲಿನವರೆಗೆ ಸಕಲವನ್ನೂ ಕಲಿಸಿಕೊಟ್ಟೆವೆಂದು ಬಹುಕಾಲ ಹೇಳಿಕೊಂಡಿದ್ದ ಜನರು, ತಾವೇ ನಿಯಮಗಳನ್ನು ಬರೆದ ಆಟವನ್ನು ಕಲಿಯಲು ಡಚ್ ಉಪಾಧ್ಯಾಯಿನಿಯನ್ನು ಕರೆಸಿಕೊಂಡರೆಂದು ನಗುವುದು ಸುಲಭ. 1911ರಲ್ಲಿ ಕಲ್ಕತ್ತೆಯ ಬಯಲಿನಲ್ಲಿ ಬರಿಗಾಲಿನ ಮೋಹನ ಬಾಗಾನರು ಗೋರಾ ಸಿಪಾಯಿಗಳ ತಂಡವನ್ನು ಒಂದರ ವಿರುದ್ಧ ಎರಡು ಗೋಲುಗಳಿಂದ ಸೋಲಿಸಿದ ವೃತ್ತಾಂತವನ್ನು ಹಿರಿಯರ ಬಾಯಿಂದ ಕೇಳಿ ಬೆಳೆದ ನಮಗೆ ಆ ನಗೆಯು ಸಹಜವಾಗಿಯೇ ಬರುತ್ತದೆ. ಆದರೆ ನ್ಯಾಯವಾಗಿ ನೋಡಿದರೆ ಇಲ್ಲಿ ಇಂಗ್ಲಿಷರು ಮಾಡಿದುದು ಸರಿಯಾದ ಕೆಲಸ. ಸ್ವದೇಶಾಭಿಮಾನವೆಂದರೆ ವಿದ್ಯೆಯನ್ನು ಪರರಿಂದ ಪಡೆಯಬಾರದೆಂದು ಅರ್ಥವಲ್ಲ. ತಮ್ಮನ್ನು ಸೋಲಿಸಿದವರಲ್ಲಿ ಗುಣವಿದೆಯೆಂದು ಒಪ್ಪಿ, ಅವರನ್ನು ಮರ್ಯಾದೆಯಿಂದ ಕರೆದು, ಸಂಬಳ ಕೊಟ್ಟು, ಕೈಕಟ್ಟದೆ ಕೆಲಸ ಮಾಡಗೊಟ್ಟರು.

ಆಕೆ ಮಾಡಿದ ಕೆಲಸದ ರೀತಿಯನ್ನು ಕೊಂಚ ವಿಸ್ತಾರವಾಗಿ ಹೇಳಬೇಕಾಗಿದೆ. 2022ರ ಪಂದ್ಯಾವಳಿಗೆ ಮುಂಚೆ, ಎಂಟು ವರ್ಷಗಳಿಂದ ನಾಯಕಿಯಾಗಿದ್ದು ಗಾಯದಿಂದ ಆಗತಾನೆ ಚೇತರಿಸಿಕೊಂಡಿದ್ದ ಸ್ಟೆಫ್ ಹೌಟನ್ನರನ್ನು, ಪೂರ್ಣ ಸಿದ್ಧರಾಗಿಲ್ಲವೆಂದು ತಂಡದಿಂದಲೇ ಬಿಟ್ಟು, ಲೀಯಾ ವಿಲಿಯಮ್ಸನ್ ಎಂಬ ತರುಣಿಗೆ ನಾಯಕತ್ವವನ್ನು ಕೊಟ್ಟರು. ಹಿರಿಯಾಕೆಗೆ ನೋವಾಯಿತು, ಹೇಳಬೇಕಾದುದನ್ನು ಆಕೆಗೆ ತಾವೇ ಹೇಳಿದರು. ಆಮೇಲೆ ಆರು ಪಂದ್ಯಗಳಲ್ಲಿಯೂ ಹನ್ನೊಂದು ಮಂದಿ ಅವರೇ ಮೊದಲು ಬಯಲಿಗಿಳಿದರು, ಒಬ್ಬರೂ ಬದಲಾಗಲಿಲ್ಲ. ಹೊರಗೆ ಕುಳಿತವರಿಗೆ ಅದರಿಂದ ಅಸಮಾಧಾನವಾಗಬೇಕಾಗಿತ್ತಲ್ಲವೆ? ಆದರೆ ಪ್ರತಿಯೊಬ್ಬಳಿಗೂ ತನ್ನ ಕೆಲಸವೇನು, ಎಷ್ಟನೆಯ ನಿಮಿಷಕ್ಕೆ ತನ್ನ ಸರದಿಯೆಂಬುದು ಗೊತ್ತಿತ್ತು. ಅಲೆಸ್ಸಿಯಾ ರೂಸ್ಸೋ ಎಂಬಾಕೆ ಆ ಪಂದ್ಯಾವಳಿಯಲ್ಲಿ ಹೊಡೆದ ನಾಲ್ಕು ಗೋಲುಗಳೂ ಬದಲಿಯಾಗಿ ಬಂದು ಹೊಡೆದವು. ಜುಲೈ 31ರಂದು ಲಂಡನ್ನಿನ ವೆಂಬ್ಲಿ ಬಯಲಿನಲ್ಲಿ ಜರ್ಮನಿಯ ಮೇಲೆ ಆದ ಎರಡು ಗೋಲುಗಳನ್ನೂ ಬದಲಿಯಾಗಿ ಬಂದವರೇ ಹೊಡೆದರು. ಅಂದು ನೆರೆದಿದ್ದ ಪ್ರೇಕ್ಷಕರು 87,192 ಮಂದಿ. ಯೂರೋಪಿನ ಪಂದ್ಯಾವಳಿಯ ಯಾವ ಆಟಕ್ಕೂ, ಗಂಡಸರದಕ್ಕೂ ಸಹ, ಅಲ್ಲಿಯವರೆಗೆ ಅಷ್ಟು ಜನ ಸೇರಿರಲಿಲ್ಲ. ಆ ಪಂದ್ಯಾವಳಿಗೆ ಸ್ವಲ್ಪವೇ ಮುಂಚೆ ಆಕೆಯ ಅಕ್ಕತಂಗಿಯರಲ್ಲೊಬ್ಬರು ತೀರಿಕೊಂಡಿದ್ದರು. ಕಡೆಯ ಸೀಟಿಯಾದಾಗ ಆಕೆ ಕೈಯಲ್ಲಿದ್ದ ಚಿಕ್ಕ ಬಳೆಯನ್ನು ಮುತ್ತಿಟ್ಟುಕೊಂಡರು. ಅದು ಆ ಸೋದರಿಯದು.

2025ರಲ್ಲಿ ದಾರಿಯು ಇನ್ನೂ ಕಠಿನವಾಗಿತ್ತು. ಅನುಭವಿಗಳಾದ ಮೂವರು ಪಂದ್ಯಾವಳಿಗೆ ಕೆಲವೇ ವಾರಗಳಿರುವಾಗ ಹಿಂದೆ ಸರಿದರು. ಗೋಲು ಕಾಯುವ ಸ್ಥಾನದಲ್ಲಿ ಹೆಸರಾಂತ ಹಿರಿಯಾಕೆಯನ್ನು ಬಿಟ್ಟು ಹ್ಯಾನಾ ಹ್ಯಾಂಪ್ಟನ್ನರನ್ನು ಆರಿಸಿದುದಕ್ಕೆ ಪತ್ರಿಕೆಗಳು ಶ್ರೀಮತಿ ವೀಗ್ಮನ್ನರನ್ನು ಸುಮ್ಮನೆ ಬಿಡಲಿಲ್ಲ. ಮೊದಲ ಪಂದ್ಯದಲ್ಲಿ ಫ್ರಾನ್ಸಿಗೆ ಸೋತರು. ಎರಡನೆಯ ಪಂದ್ಯವು ಆಕೆಯ ಸ್ವದೇಶದ ಮೇಲೆ. ನಾಲ್ಕು ಗೋಲುಗಳಿಂದ ಗೆದ್ದರು. ಅಲ್ಲಿಂದ ಮುಂದೆ ಸ್ವೀಡನ್, ಇಟಲಿ, ಸ್ಪೇನ್ ಮೂವರ ಮುಂದೆಯೂ ಮೊದಲು ಹಿಂದೆಬಿದ್ದು, ಆಮೇಲೆ ಎದ್ದರು. ಸ್ವೀಡನ್ನಿನ ಮೇಲೆ ಎಪ್ಪತ್ತೆಂಟು ನಿಮಿಷಗಳವರೆಗೆ ಎರಡು ಗೋಲುಗಳಿಂದ ಹಿಂದಿದ್ದರು. ಮಿಶೆಲ್ ಅಗ್ಯೆಮಾಂಗ್ ಎಂಬ ಹತ್ತೊಂಬತ್ತು ವರ್ಷದ ಹುಡುಗಿಯನ್ನು ಬದಲಿಯಾಗಿ ಇಳಿಸಿದರು; ಅವಳು ಸ್ವೀಡನ್ನಿನ ಮೇಲೂ ಇಟಲಿಯ ಮೇಲೂ ಸಮಮಾಡುವ ಗೋಲನ್ನು ಹೊಡೆದಳು. ಇವಳು 2021ರ ಅಕ್ಟೋಬರಿನಲ್ಲಿ ಇದೇ ಇಂಗ್ಲೆಂಡ್ ತಂಡವು ವೆಂಬ್ಲಿಯಲ್ಲಿ ಆಡುತ್ತಿದ್ದಾಗ ಗೆರೆಯಾಚೆಗೆ ಹೋದ ಚೆಂಡನ್ನು ಹೆಕ್ಕಿಕೊಡುವ ಹುಡುಗಿಯಾಗಿ ನಿಂತಿದ್ದವಳು. ಕಡೆಯ ದಿನ ಹ್ಯಾಂಪ್ಟನ್ ಎರಡು ಪೆನಾಲ್ಟಿಗಳನ್ನು ತಡೆದರು.

ಸೋಲಿನಲ್ಲಿಯೂ ಆಕೆಯ ನಡತೆಯು ನೋಡತಕ್ಕದ್ದಾಗಿತ್ತು. 2023ರ ಆಗಸ್ಟಿನಲ್ಲಿ ಸಿಡ್ನಿಯಲ್ಲಿ ಸ್ಪೇನಿಗೆ ಒಂದು ಗೋಲಿನಿಂದ ಸೋತ ಮೇಲೆ, ಪದಕಪ್ರದಾನದ ವೇದಿಕೆಯಲ್ಲಿ ಸ್ಪೇನ್ ಸಂಘದ ಅಂದಿನ ಅಧ್ಯಕ್ಷರು ತಮ್ಮ ಆಟಗಾರ್ತಿಯೊಬ್ಬಳೊಡನೆ ಅನುಚಿತವಾಗಿ ವರ್ತಿಸಿ ದೊಡ್ಡ ಗಲಭೆಯಾಯಿತು. ಅದೇ ತಿಂಗಳ ಕಡೆಯಲ್ಲಿ ಯೂರೋಪಿನ ಸಂಘವು ಶ್ರೀಮತಿ ವೀಗ್ಮನ್ನರಿಗೆ ವರ್ಷದ ಶ್ರೇಷ್ಠ ತರಬೇತುದಾರರ ಬಹುಮಾನವನ್ನು ಕೊಟ್ಟಾಗ, ಆಕೆ ಅದನ್ನು ತಮ್ಮನ್ನು ಸೋಲಿಸಿದ ಸ್ಪೇನಿನ ಆಟಗಾರ್ತಿಯರಿಗೇ ಅರ್ಪಿಸಿ, ಅವರ ಮಾತನ್ನು ಕೇಳಬೇಕೆಂದು ಸಭೆಯ ಮುಂದೆ ನುಡಿದರು. ಆ ಸಭೆಯಲ್ಲಿ ಅಂಥ ಅಧ್ಯಕ್ಷರುಗಳ ಸಮಾನಸ್ಕಂಧರೇ ಬಹುಮಂದಿ ಕುಳಿತಿದ್ದರು.

ಈಗ ನಾವು ಹೇಳಬೇಕೆಂದು ಹೊರಟ ಮಾತಿಗೆ ಬರುತ್ತೇವೆ. ಈ ಮಹಿಳೆಯನ್ನು ಇಂದು ತಲೆಯ ಮೇಲೆ ಹೊತ್ತು ಮೆರೆಸುತ್ತಿರುವ ಇಂಗ್ಲೆಂಡಿನ ಫುಟ್ಬಾಲ್ ಸಂಘವು ಒಂದು ನೂರು ವರ್ಷಗಳ ಹಿಂದೆ ಏನು ಮಾಡಿತ್ತು? ಮೊದಲನೆಯ ಮಹಾಯುದ್ಧದ ಕಾಲದಲ್ಲಿ ಗಂಡಸರು ರಣರಂಗಕ್ಕೆ ಹೋದಾಗ ಮದ್ದುಗುಂಡಿನ ಕಾರ್ಖಾನೆಗಳಿಗೆ ಹೆಂಗಸರು ಬಂದರು. ವಿರಾಮದ ವೇಳೆಯಲ್ಲಿ ಚೆಂಡಾಡತೊಡಗಿದರು. ಪ್ರೆಸ್ಟನ್ ಪಟ್ಟಣದ ಡಿಕ್ ಕೆರ್ ಕಾರ್ಖಾನೆಯ ಹೆಂಗಸರ ತಂಡವು ಗಾಯಗೊಂಡ ಸಿಪಾಯಿಗಳ ಸಹಾಯಾರ್ಥವಾಗಿ ಊರೂರು ಸುತ್ತಿ ಆಡುತ್ತಿತ್ತು. 1920ನೆಯ ಇಸವಿ ಡಿಸೆಂಬರ್ 26ರಂದು ಲಿವರ್‌ಪೂಲಿನ ಗುಡಿಸನ್ ಪಾರ್ಕಿನಲ್ಲಿ ಅವರ ಆಟವನ್ನು ನೋಡಲು ಐವತ್ತಮೂರು ಸಾವಿರ ಜನರು ಸೇರಿದರು. ಸ್ಥಳವಿಲ್ಲದೆ ಹೊರಗುಳಿದವರು ಇನ್ನೂ ಸಾವಿರಾರು. ಅದಾಗಿ ಒಂದು ವರ್ಷ ತುಂಬುವುದರೊಳಗೆ, 1921ರ ಡಿಸೆಂಬರ್ 5ರಂದು, ಫುಟ್ಬಾಲ್ ಸಂಘದ ಸಭೆಯು ಠರಾವು ಮಾಡಿತು: ಈ ಆಟವು ಹೆಂಗಸರಿಗೆ ತೀರ ಅಯೋಗ್ಯವಾದುದು, ಇದಕ್ಕೆ ಪ್ರೋತ್ಸಾಹ ಕೊಡಕೂಡದು, ಸಂಘಕ್ಕೆ ಸೇರಿದ ಯಾವ ಕ್ಲಬ್ಬೂ ತನ್ನ ಬಯಲನ್ನು ಅವರಿಗೆ ಬಿಡಕೂಡದು. ಕೂಡಿದ ಹಣದಲ್ಲಿ ಧರ್ಮಕ್ಕೆ ಸಲ್ಲಬೇಕಾದಷ್ಟು ಸಂದಿಲ್ಲವೆಂಬ ಆಪಾದನೆಯನ್ನೂ ಜೊತೆಗೆ ಸೇರಿಸಿದರು. ಆಟವನ್ನು ನಿಷೇಧಿಸಿದೆವೆಂದು ಅವರು ಹೇಳಲಿಲ್ಲ. ಬಯಲಿನ ಬಾಗಿಲನ್ನು ಹಾಕಿದರು, ಅಷ್ಟೆ.

ಆ ಬಾಗಿಲು ಐವತ್ತು ವರ್ಷ ಮುಚ್ಚಿತ್ತು. ಶ್ರೀಮತಿ ವೀಗ್ಮನ್ನರು ಹುಟ್ಟಿದ ದಿನವೂ ಅದು ಮುಚ್ಚಿಯೇ ಇತ್ತು. ಜರ್ಮನಿಯ ಸಂಘವು 1955ರಿಂದ 1970ರವರೆಗೆ ಇಂಥದೇ ಆಜ್ಞೆಯನ್ನು ನಡೆಸಿತು. ಬ್ರೆಜಿಲ್ ದೇಶದಲ್ಲಿ 1941ರಿಂದ 1979ರವರೆಗೆ ಸರ್ಕಾರದ ಶಾಸನವೇ ಅಡ್ಡವಾಗಿತ್ತು. ಗುಡಿಸನ್ ಪಾರ್ಕಿನ ಐವತ್ತಮೂರು ಸಾವಿರಕ್ಕೂ ವೆಂಬ್ಲಿಯ ಎಂಬತ್ತೇಳು ಸಾವಿರಕ್ಕೂ ನಡುವೆ ಒಂದು ನೂರ ಎರಡು ವರ್ಷಗಳ ಅಂತರ. ನೋಡುವ ಜನರಿಗೆ ಆಸಕ್ತಿಯಿಲ್ಲದೆ ಆ ಅಂತರವು ಉಂಟಾಗಲಿಲ್ಲ. ಆಡುವ ಹೆಂಗಸರಿಗೆ ಶಕ್ತಿಯಿಲ್ಲದೆಯೂ ಉಂಟಾಗಲಿಲ್ಲ. ಅದನ್ನು ಉಂಟುಮಾಡಿದುದು ಹತ್ತಾರು ಮಂದಿ ಗಣ್ಯರ ಒಂದು ಮಧ್ಯಾಹ್ನದ ಠರಾವು. ಅದಕ್ಕಾಗಿ ಸಂಘವು ಕ್ಷಮೆಯನ್ನು ಕೇಳಿದುದು 2008ರಲ್ಲಿ. ಗೆದ್ದೆತ್ತಿನ ಬಾಲವನ್ನು ಹಿಡಿಯುವವರಿಗೆ ಯಾವ ಕಾಲದಲ್ಲಿಯೂ ಕೊರತೆಯಿಲ್ಲ. ಸೋಲುವ ಎತ್ತಿಗೆ, ಇನ್ನೂ ನೊಗವನ್ನೇ ಹೊರದ ಕರುವಿಗೆ, ಹುಲ್ಲು ಹಾಕುವವರು ಯಾರು?

ಹೆಂಗಸರು ಮೊದಲು ಗೆದ್ದು ತೋರಿಸಲಿ, ಆಮೇಲೆ ಅನುಕೂಲಗಳನ್ನು ಕೇಳಲಿ ಎಂದು ವಾದಿಸುವವರಿದ್ದಾರೆ. ಈಜು ಬಂದ ಮೇಲೆ ನೀರಿಗಿಳಿ ಎಂಬ ವಾದವಿದು. ಇನ್ನು ಕೆಲವರು, ಆಟವನ್ನು ಆಡಲಿ, ಆದರೆ ಕಲಿಸುವುದಕ್ಕೆ ಗಂಡಸರೇ ಬೇಕು ಎನ್ನುತ್ತಾರೆ. ಇದಕ್ಕೆ ಉತ್ತರವಾಗಿ ಒಂದು ಸಂಗತಿಯನ್ನು ಗಮನಕ್ಕೆ ತರುತ್ತೇವೆ. ಯೂರೋಪಿನ ಸ್ತ್ರೀಯರ ಪಂದ್ಯಾವಳಿಯು 1997ರಿಂದ 2025ರವರೆಗೆ ಎಂಟು ಸಲ ನಡೆದಿದೆ. ಜರ್ಮನಿಯ ಟೀನಾ ತೊಯ್ನೆ ಮೂರು ಸಲ, ಅದೇ ದೇಶದ ಸಿಲ್ವಿಯಾ ನೈಟ್ ಎರಡು ಸಲ, ಶ್ರೀಮತಿ ವೀಗ್ಮನ್ನರು ಮೂರು ಸಲ. ಹೀಗೆ ಎಂಟಕ್ಕೆ ಎಂಟನ್ನೂ ಗೆದ್ದುಕೊಟ್ಟವರು ಹೆಂಗಸರೇ. ಇಷ್ಟಾದರೂ 2023ರ ವಿಶ್ವಪಂದ್ಯಾವಳಿಗೆ ಬಂದ 32 ತಂಡಗಳಲ್ಲಿ ಸ್ತ್ರೀ ತರಬೇತುದಾರರಿದ್ದುದು 12ಕ್ಕೆ ಮಾತ್ರ. ಗಂಡಸರು ಕಲಿಸಲಾರರೆಂದು ನಮ್ಮ ವಾದವಲ್ಲ. ಡೊರೆನ್ಸರೂ ಗಂಡಸರೇ, 2011ರಲ್ಲಿ ಜಪಾನಿಗೆ ವಿಶ್ವಪಾರಿತೋಷಕವನ್ನು ತಂದುಕೊಟ್ಟ ನೋರಿಯೋ ಸಸಾಕಿಯವರೂ ಗಂಡಸರೇ. ಆದರೆ ಪರೀಕ್ಷೆಯಲ್ಲಿ ಸತತವಾಗಿ ಮೊದಲನೆಯವರಾಗುತ್ತಿರುವವರಿಗೆ ನೇಮಕದಲ್ಲಿ ಮಾತ್ರ ಕಡೆಯ ಪಂಕ್ತಿಯೆಂದರೆ ಅದು ಯಾವ ಕಚೇರಿಯ ನ್ಯಾಯ?

ಗೆದ್ದ ಹೆಂಗಸರು ಈ ವಿಷಯದಲ್ಲಿ ಮರೆಗುಳಿಗಳಾಗಲಿಲ್ಲವೆಂಬುದು ನಮಗೆ ಅತ್ಯಂತ ಸಂತೋಷವನ್ನುಂಟುಮಾಡಿದ ಸಂಗತಿ. 2022ರಲ್ಲಿ ವೆಂಬ್ಲಿಯ ಜಯವಾಗಿ ಮೂರು ದಿನವಾಗುವಷ್ಟರಲ್ಲಿ ತಂಡದ ಇಪ್ಪತ್ತಮೂರು ಮಂದಿಯೂ ಸಹಿಮಾಡಿ, ಆಗ ಪ್ರಧಾನಿಯ ಪದವಿಗೆ ಸ್ಪರ್ಧಿಸುತ್ತಿದ್ದ ಇಬ್ಬರಿಗೂ ಬಹಿರಂಗ ಪತ್ರವನ್ನು ಬರೆದರು. ಅವರು ಬಹುಮಾನವನ್ನು ಕೇಳಲಿಲ್ಲ, ಜಹಗೀರನ್ನು ಕೇಳಲಿಲ್ಲ. ಶಾಲೆಯ ವ್ಯಾಯಾಮದ ಪಾಠದಲ್ಲಿ ಫುಟ್ಬಾಲ್ ಆಡುವ ಅವಕಾಶವು ಹುಡುಗಿಯರಲ್ಲಿ ನೂರಕ್ಕೆ 63 ಮಂದಿಗೆ ಮಾತ್ರ ಆಗ ಇತ್ತು. ಅದು ಎಲ್ಲರಿಗೂ ದೊರೆಯತಕ್ಕದ್ದು, ವಾರಕ್ಕೆ ಎರಡು ಗಂಟೆಯಾದರೂ ವ್ಯಾಯಾಮವಿರತಕ್ಕದ್ದು, ಕಲಿಸುವುದಕ್ಕೆ ಉಪಾಧ್ಯಾಯಿನಿಯರಿರತಕ್ಕದ್ದು ಎಂದು ಕೇಳಿದರು. 2023ರ ಮಾರ್ಚ್ 8ರಂದು ಅಲ್ಲಿಯ ಸರ್ಕಾರವು, ಶಾಲೆಗಳಲ್ಲಿ ಆಟದ ಅವಕಾಶವು ಹುಡುಗರಿಗೂ ಹುಡುಗಿಯರಿಗೂ ಸಮನಾಗಿರಬೇಕೆಂದು ಸಾರಿ, ವ್ಯಾಯಾಮಕ್ಕೂ ಆಟಕ್ಕೂ ಎರಡು ವರ್ಷಗಳಿಗೆ 60 ಕೋಟಿ ಪೌಂಡುಗಳನ್ನು ಗೊತ್ತುಮಾಡಿತು. ಮಾತು ಕೊಟ್ಟುದೆಲ್ಲವೂ ನಡೆದುಬಿಡುತ್ತದೆಂದು ನಂಬುವಷ್ಟು ಎಳೆಯರೇನೂ ನಾವಲ್ಲ. ಆದರೂ ಮಾತು ಕೊಡುವಂತೆ ಮಾಡಿದರು.

ನಮ್ಮ ದೇಶದಲ್ಲಿ ಸ್ತ್ರೀಯರ ಫುಟ್ಬಾಲಿಗೆ ಪ್ರತ್ಯೇಕವಾದ ಸಂಸ್ಥೆಯು 1975ರಲ್ಲಿ ಹುಟ್ಟಿತು. 1979ರಲ್ಲಿಯೂ 1983ರಲ್ಲಿಯೂ ನಮ್ಮ ಹೆಣ್ಣುಮಕ್ಕಳು ಏಷ್ಯಾ ಖಂಡದ ಪಂದ್ಯಾವಳಿಯ ಕಡೆಯ ಆಟಕ್ಕೆ ಬಂದು ಎರಡನೆಯ ಸ್ಥಾನವನ್ನು ಪಡೆದರು. ಅಂದಿಗೆ ಹಾಲೆಂಡಿನ ಸರೀನಾ ಎಂಬ ಬಾಲಕಿಯು ಇನ್ನೂ ಹುಡುಗರ ನಡುವೆ ಕೂದಲು ಕತ್ತರಿಸಿಕೊಂಡು ಆಡುತ್ತಿದ್ದವಳು. ನಾವು ಹಿಂದಿನಿಂದ ಹೊರಟವರಲ್ಲ, ಮುಂದಿದ್ದು ಹಿಂದುಳಿದವರು. ಬಾಸೆಲ್ಲಿನ ಜಯಕ್ಕೆ ಮೂರು ವಾರ ಮುಂಚೆ, 2025ರ ಜುಲೈ 5ರಂದು, ಸಯಾಮಿನ, ಎಂದರೆ ಈಗಿನ ಥಾಯ್ಲೆಂಡಿನ, ಚಿಯಾಂಗ್ ಮಾಯ್ ಪಟ್ಟಣದಲ್ಲಿ ನಮ್ಮ ತಂಡವು ಆ ದೇಶದವರನ್ನು ಒಂದರ ವಿರುದ್ಧ ಎರಡು ಗೋಲುಗಳಿಂದ ಸೋಲಿಸಿ, 2026ರ ಏಷ್ಯಾ ಪಂದ್ಯಾವಳಿಗೆ ಅರ್ಹತಾ ಪಂದ್ಯಗಳ ಮೂಲಕ ಮೊದಲನೆಯ ಸಲ ಸ್ಥಾನವನ್ನು ಸಂಪಾದಿಸಿತು. ಎರಡು ಗೋಲುಗಳನ್ನೂ ಹೊಡೆದಾಕೆ ಸಂಗೀತಾ ಬಾಸ್ಫೋರ್. ಆಕೆಯ ಹೆಸರನ್ನು ಕೇಳಿದ್ದ ನಮ್ಮ ವಾಚಕರು ಎಷ್ಟು ಮಂದಿ? ಈ ಸಮಾಚಾರವನ್ನು ನಮ್ಮ ಪತ್ರಿಕೆಯೂ ಆಟದ ಪುಟದ ಮೂಲೆಯಲ್ಲಿ ಎಂಟು ಸಾಲಿನಲ್ಲಿ ಮುಗಿಸಿತ್ತೆಂದು ಒಪ್ಪಿಕೊಳ್ಳದೆ ಬೇರೆಯವರನ್ನು ದೂರುವುದು ಸರಿಯಲ್ಲ.

ಊರಿನ ಬಯಲುಗಳೂ ಶಾಲೆಯ ಅಂಗಳಗಳೂ ಯಾರದೊಬ್ಬರ ಸ್ವಂತ ಸ್ವತ್ತಲ್ಲ; ಪುರಸಭೆ, ವಿದ್ಯಾ ಇಲಾಖೆ, ಕಾಲೇಜುಗಳ ಆಡಳಿತ ಮಂಡಲಿ ಇವುಗಳ ವಶದಲ್ಲಿವೆ. ಆ ಕಚೇರಿಗಳಲ್ಲಿ ಕುಳಿತವರಲ್ಲಿ ಅನೇಕರು ನಮ್ಮ ಪತ್ರಿಕೆಯನ್ನು ಓದುವವರು. ಹುಡುಗಿಯರಿಗೆ ಬಯಲು ಇಲ್ಲವೆಂಬ ಠರಾವು ನಮ್ಮಲ್ಲಿ ಎಲ್ಲಿಯೂ ಬರೆದಿಲ್ಲವೆಂದು ಅವರು ಹೇಳಬಹುದು, ಅದು ನಿಜ. ಸಂಜೆ ಐದು ಗಂಟೆಗೆ ಹೋಗಿ ನೋಡಿದರೆ ಬಯಲಿನಲ್ಲಿ ಇರುವವರು ಹುಡುಗರು ಮಾತ್ರ, ಅದೂ ನಿಜ. ಬರೆಯದ ಠರಾವನ್ನು ರದ್ದುಮಾಡುವುದು ಹೇಗೆಂಬುದೇ ಕಷ್ಟದ ಪ್ರಶ್ನೆಯಾಗಿದೆ.

ಆದುದರಿಂದ ನಾವು ಮೂರು ಸಂಗತಿಗಳನ್ನು ಮಾತ್ರ ಕೇಳುತ್ತೇವೆ. ನಿಮ್ಮ ಶಾಲೆಯ ಬಯಲಿನಲ್ಲಿ ವಾರಕ್ಕೆ ಎಷ್ಟು ಗಂಟೆ ಹುಡುಗಿಯರಿಗೆಂದು ಗೊತ್ತುಮಾಡಿದೆ? ಅವರಿಗೆ ಕಲಿಸುವ ವ್ಯಾಯಾಮದ ಉಪಾಧ್ಯಾಯಿನಿ ಇದ್ದಾರೆಯೆ, ಆ ಜಾಗವು ಖಾಲಿಯಿದ್ದರೆ ಎಂದಿನಿಂದ ಖಾಲಿಯಿದೆ? ಚೆಂಡುಗಳಿರುವ ಕೊಠಡಿಯ ಬೀಗದ ಕೈ ಯಾರ ಹತ್ತಿರ ಇರುತ್ತದೆ? ಮುಖ್ಯೋಪಾಧ್ಯಾಯರುಗಳೂ ಪುರಸಭೆಯ ಅಧಿಕಾರಿಗಳೂ ನಮಗೆ ಬರೆದು ಕಳುಹಿಸಿದರೆ, ಬಂದ ಉತ್ತರಗಳನ್ನು ಶಾಲೆಯ ಹೆಸರಿನೊಡನೆ, ಒಂದಕ್ಷರವನ್ನೂ ತಿದ್ದದೆ, ಇದೇ ಅಂಕಣದಲ್ಲಿ ಪ್ರಕಟಿಸುವೆವು. ಹೆಣ್ಣುಮಕ್ಕಳ ತಂದೆತಾಯಿಗಳು ಬರೆದರೂ ಪ್ರಕಟಿಸುವೆವು.